ಹೊಸ ಕಾಯಿಲೆಯ ಸುದ್ದಿ ಬಂದಾಗ: ಮೊದಲ ಹದಿನೈದು ದಿನ ಮನೆಯಲ್ಲಿ, ಮೊಬೈಲಿನಲ್ಲಿ ಏನು ಮಾಡಬೇಕು?

2020ರ ಮಾರ್ಚ್ ಕೊನೆಯ ವಾರ. ರಾತ್ರಿ ಹತ್ತು ದಾಟಿತ್ತು. ನಮ್ಮ ಮನೆ ಗ್ರೂಪಿನಲ್ಲಿ ದೊಡ್ಡಪ್ಪನ ಮೆಸೇಜು ಬಂತು. 'ಇವತ್ತು ರಾತ್ರಿ ಹೆಲಿಕಾಪ್ಟರ್‌ನಲ್ಲಿ ಔಷಧಿ ಹೊಡೀತಾರಂತೆ. ಯಾರೂ ಹೊರಗೆ ಬರಬೇಡಿ. ಒಣಹಾಕಿದ ಬಟ್ಟೆ ಒಳಗೆ ತನ್ನಿ.'

ಸುಳ್ಳು ಅಂತ ನನಗೆ ಗೊತ್ತಿತ್ತು. ನಮ್ಮ ಸಾಗರದ ಕಡೆ ಅಡಿಕೆಗೆ ಕೊಳೆ ಔಷಧಿ ಹೊಡೆಸುವುದಕ್ಕೇ ಆಳು ಸಿಗುವುದಿಲ್ಲ. ನಡುರಾತ್ರಿ ಹೆಲಿಕಾಪ್ಟರ್ ಕಳಿಸುವವರು ಯಾರು? ಆದರೂ ಎದ್ದು ಹೋಗಿ ಎರಡು ಲುಂಗಿ, ಒಂದು ಟವೆಲ್ಲು ಒಳಗೆ ತಂದೆ.

ಸುಳ್ಳು ಸುದ್ದಿ ಹರಡುವುದಕ್ಕೆ ಜನ ಅದನ್ನು ನಂಬಬೇಕಿಲ್ಲ ಅಂತ ಅವತ್ತು ಗೊತ್ತಾಯಿತು. 'ಯಾಕೆ ಸುಮ್ನೆ ರಿಸ್ಕು' ಅನ್ನುವ ಒಂದು ಮಾತು ಸಾಕು. ಬಟ್ಟೆ ಒಳಗೆ ತಂದಿದ್ದೂ ಅದಕ್ಕೇ. ದೊಡ್ಡಪ್ಪ ಮೆಸೇಜು ಕಳಿಸಿದ್ದೂ ಅದಕ್ಕೇ.

ನಾನು ಡಾಕ್ಟರಲ್ಲ. ನಲವತ್ತಮೂರು ಜನ ಇರುವ ಮನೆ ಗ್ರೂಪಿನ ಅಡ್ಮಿನ್, ಅಷ್ಟೇ. ಕೊರೊನಾ ಕಾಲದಲ್ಲಿ, ಅದಕ್ಕೂ ಮೊದಲು ನಮ್ಮ ಕಡೆ ಮಂಗನ ಕಾಯಿಲೆ ಬಂದಾಗ ಪೆಟ್ಟು ತಿಂದು ಕಲಿತದ್ದನ್ನು ಇಲ್ಲಿ ಬರೆಯುತ್ತಿದ್ದೇನೆ. ಮುಂದೆ ಯಾವುದಾದರೂ ಹೊಸ ಹೆಸರಿನ ಕಾಯಿಲೆ ಟಿವಿಯಲ್ಲಿ ಬಂದ ದಿನ ತೆಗೆದು ನೋಡಿ.

1. ಮೊದಲು ಹತ್ತು ನಿಮಿಷ ಏನೂ ಕಳಿಸಬೇಡಿ

ಹೆದರಿಕೆ ಆದಾಗ ಕೈ ತಾನಾಗಿ ಫಾರ್ವರ್ಡ್ ಬಟನ್ ಕಡೆ ಹೋಗುತ್ತದೆ. ನಮ್ಮವರಿಗೆ ಬೇಗ ತಿಳಿಸಬೇಕು ಅನ್ನುವ ಪ್ರೀತಿಯೇ ಅದು, ಬೇರೇನಲ್ಲ. ಮೊಬೈಲನ್ನು ಚಾರ್ಜಿಗೆ ಹಾಕಿ, ಒಂದು ಲೋಟ ಕಾಫಿ ಮಾಡಿಕೊಳ್ಳಿ. ನಿಜವಾದ ಎಚ್ಚರಿಕೆ ಹತ್ತು ನಿಮಿಷಕ್ಕೆ ಹಳಸುವುದಿಲ್ಲ.

2. ಹಾಳೆಯ ಮೇಲೆ ನಾಲ್ಕು ಸಾಲು ಬರೆಯಿರಿ

ಈ ಹೆಜ್ಜೆಗೇ ಜಾಸ್ತಿ ಹೊತ್ತು ಕೊಡಿ. ಹಳೆಯ ಕ್ಯಾಲೆಂಡರಿನ ಹಿಂಬದಿ ಆದರೂ ನಡೆಯುತ್ತದೆ. ನಾಲ್ಕು ಪ್ರಶ್ನೆ ಬರೆದುಕೊಳ್ಳಿ. ಇದು ಹೊಸದಾ, ಹಳೆಯದಾ? ಹೇಗೆ ಹರಡುತ್ತದೆ? ಯಾರಿಗೆ ಜಾಸ್ತಿ ಅಪಾಯ? ಇನ್ನೂ ಏನು ಗೊತ್ತಿಲ್ಲ?

ಮೊದಲನೆಯ ಪ್ರಶ್ನೆಯೊಂದರಿಂದಲೇ ಎಷ್ಟೋ ಸಲ ಅರ್ಧ ಹೆದರಿಕೆ ಇಳಿಯುತ್ತದೆ. 2025ರ ಜನವರಿ 6ರಂದು ಬೆಂಗಳೂರಿನ ಎರಡು ಪುಟ್ಟ ಮಕ್ಕಳಲ್ಲಿ ಎಚ್‌ಎಂಪಿವಿ ಅನ್ನುವ ವೈರಸ್ಸು ಪತ್ತೆಯಾಯಿತು ಅಂತ ಸುದ್ದಿ ಬಂತಲ್ಲ, ಅವತ್ತು ಷೇರುಪೇಟೆಯೂ ಬಿತ್ತು. ಟಿವಿಯಲ್ಲಿ ಮತ್ತೆ ಲಾಕ್‌ಡೌನ್ ಮಾತು. ಆದರೆ ಆ ವೈರಸ್ಸನ್ನು ನೆದರ್ಲೆಂಡ್ಸ್‌ನಲ್ಲಿ ಗುರುತಿಸಿದ್ದು 2001ರಲ್ಲಿ. ಅದಕ್ಕೂ ಹಿಂದಿನಿಂದ ಮಕ್ಕಳಿಗೆ ಶೀತ, ಕೆಮ್ಮು ತರುತ್ತಲೇ ಇತ್ತು. ಹೊಸದಾಗಿದ್ದದ್ದು ನಾವು ಕೇಳಿದ ಹೆಸರು ಮಾತ್ರ.

ಎರಡನೆಯ ಪ್ರಶ್ನೆ ಎಲ್ಲಕ್ಕಿಂತ ಮುಖ್ಯ. ಹೆದರಬೇಡಿ ಅಂತ ನಾನು ಹೇಳುವುದಿಲ್ಲ. ಹೆದರಿಕೆಯನ್ನು ಸರಿಯಾದ ಜಾಗದಲ್ಲಿ ಇಡಿ ಅನ್ನುತ್ತೇನೆ.

ಮಂಗನ ಕಾಯಿಲೆಯನ್ನೇ ನೋಡಿ. 1957ರಲ್ಲಿ ಸೊರಬ ತಾಲ್ಲೂಕಿನ ಕ್ಯಾಸನೂರು ಕಾಡಿನಲ್ಲಿ ಮೊದಲು ಗೊತ್ತಾದದ್ದು. ಆ ಕಾಡಿನ ಹೆಸರೇ ಜಗತ್ತಿನ ವೈದ್ಯಕೀಯ ಪುಸ್ತಕಗಳಲ್ಲಿ ಕಾಯಿಲೆಯ ಹೆಸರಾಗಿ ಕೂತಿದೆ. ಹರಡುವುದು ಉಣುಗಿನಿಂದ, ಅಂದರೆ ರಕ್ತ ಹೀರುವ ಉಣ್ಣೆ ಹುಳುವಿನಿಂದ. ಮಂಗ ಸತ್ತರೆ ಅದರ ಮೈಮೇಲಿದ್ದ ಉಣುಗು ಸುತ್ತ ಉದುರುತ್ತದೆ. ಮನುಷ್ಯರಿಂದ ಮನುಷ್ಯರಿಗೆ ಇದು ದಾಟುವುದಿಲ್ಲ. ಆದರೆ 2019ರ ಆರಂಭದಲ್ಲಿ ನಮ್ಮ ತಾಲ್ಲೂಕಿನ ಅರಳಗೋಡು ಕಡೆ ಸಾವುಗಳಾದಾಗ ನನ್ನ ಪರಿಚಯದ ಒಂದು ಮನೆಯಲ್ಲಿ ಏನಾಯಿತು ಗೊತ್ತಾ? ಜ್ವರ ಬಂದು ವಾಸಿಯಾಗಿ ಬಂದವರ ತಟ್ಟೆ, ಲೋಟ ಬೇರೆ ಇಟ್ಟರು. ಅದೇ ಮನೆಯವರು ಮಾರನೆಯ ದಿನ ಬರಿಗಾಲಲ್ಲಿ ಕಾಡಿಗೆ ಹೋಗಿ ಕೊಟ್ಟಿಗೆಗೆ ದರಕು, ಅಂದರೆ ಉದುರಿದ ಒಣ ಎಲೆ, ಗುಡಿಸಿ ತಂದರು. ಹೆದರಿಕೆ ಪೂರ್ತಿ ತಪ್ಪು ಜಾಗದಲ್ಲಿ ಕೂತಿತ್ತು. ಲೋಟಕ್ಕಲ್ಲ, ದರಕಿಗೆ ಹೆದರಬೇಕಿತ್ತು. ಕಾಡಿಗೆ ಹೋಗುವ ಮುಂಚೆ ಉಣುಗು ಹತ್ತದಂತೆ ಡೀಪಾ ಎಣ್ಣೆ ಹಚ್ಚುವುದು, ಮೈತುಂಬ ಬಟ್ಟೆ ಹಾಕುವುದು, ಬಂದ ಮೇಲೆ ಬಿಸಿನೀರಿನಲ್ಲಿ ಸ್ನಾನ ಮಾಡುವುದು, ಬಟ್ಟೆಯನ್ನೂ ಬಿಸಿನೀರಿಗೆ ಹಾಕುವುದು, ಸತ್ತ ಮಂಗ ಕಂಡರೆ ಮುಟ್ಟದೆ ಆರೋಗ್ಯ ಇಲಾಖೆಗೋ ಅರಣ್ಯ ಇಲಾಖೆಗೋ ತಿಳಿಸುವುದು: ಮಾಡಬೇಕಾದದ್ದು ಇಷ್ಟು.

ನಿಫಾದಲ್ಲಿ ಇದು ತಿರುವುಮುರುವು. ಬಾವಲಿಯಿಂದ ಬರುವ ಈ ಕಾಯಿಲೆ 2018ರ ಮೇನಲ್ಲಿ ಕೇರಳದ ಕೋಯಿಕ್ಕೋಡಿನಲ್ಲಿ ಬಂದಾಗ ಮಂಗಳೂರು, ಉಡುಪಿ ಕಡೆಯವರು ಮಾವಿನ ಹಣ್ಣು ಕೊಳ್ಳುವುದಕ್ಕೇ ಅಂಜಿದರು. ಬಾವಲಿ ಕಚ್ಚಿದ ಹಣ್ಣು ತಿನ್ನಬಾರದು, ಅದು ನಿಜ. ಆದರೆ ಆ ಸಲ ಕಾಯಿಲೆ ಜಾಸ್ತಿ ದಾಟಿದ್ದು ಆಸ್ಪತ್ರೆಯೊಳಗೆ, ರೋಗಿಯ ಹತ್ತಿರವೇ ಇದ್ದವರಿಗೆ. ಆರೈಕೆ ಮಾಡಿದ ನರ್ಸ್ ಲಿನಿ ಕೂಡ ತೀರಿಕೊಂಡರು. ಅಲ್ಲಿ ಎಚ್ಚರ ಬೇಕಾದದ್ದು ಮಾಸ್ಕು, ಗ್ಲೌಸುಗಳ ವಿಚಾರದಲ್ಲಿ, ರೋಗಿಯನ್ನು ನೋಡಲು ಹಿಂಡುಗಟ್ಟಿ ಹೋಗುವ ನಮ್ಮ ಅಭ್ಯಾಸದ ವಿಚಾರದಲ್ಲಿ.

ಹಿಂದಿನವರಿಗೆ ಈ ಲೆಕ್ಕ ಗೊತ್ತಿತ್ತು. 1898ರಲ್ಲಿ ಪ್ಲೇಗು ಬೆಂಗಳೂರಿಗೆ ಬಂದ ಮೇಲೆ ವರ್ಷಗಟ್ಟಲೆ ಹಳ್ಳಿಗಳನ್ನು ಕಾಡಿತು. 'ಇಲಿ ಬಿತ್ತು', ಅಂದರೆ ಮನೆಯಲ್ಲಿ ಇಲಿ ಸತ್ತು ಬಿತ್ತು ಅಂತ ಗೊತ್ತಾದ ಕೂಡಲೇ ಊರಿಗೆ ಊರೇ ಹೊರಗಿನ ಹೊಲದಲ್ಲಿ ಗುಡಿಸಲು ಹಾಕಿಕೊಂಡು ಇರುತ್ತಿತ್ತು. ಪ್ಲೇಗಿನಮ್ಮನಿಗೆ ಹರಕೆಯನ್ನೂ ಹೊರುತ್ತಿದ್ದರು, ಅದು ಬೇರೆ ಮಾತು. ಊರು ಬಿಟ್ಟದ್ದು ಮಾತ್ರ ಗಾಳಿಸುದ್ದಿ ಕೇಳಿ ಅಲ್ಲ, ಕಣ್ಣಿಗೆ ಕಂಡ ಗುರುತಿನ ಮೇಲೆ.

ಮೂರನೆಯ ಪ್ರಶ್ನೆಗೆ ಉತ್ತರ ಸಿಕ್ಕರೆ ಮನೆಯಲ್ಲಿ ಯಾರನ್ನು ಮೊದಲು ನೋಡಿಕೊಳ್ಳಬೇಕು ಅಂತ ಗೊತ್ತಾಗುತ್ತದೆ: ಅಜ್ಜಿಯನ್ನಾ, ಮಗುವನ್ನಾ, ಬಸುರಿಯನ್ನಾ. ನಾಲ್ಕನೆಯ ಪ್ರಶ್ನೆಯ ಮುಂದೆ ಮೊದಲ ವಾರ ಉದ್ದದ ಪಟ್ಟಿಯೇ ಇರಲಿ. ಇದ್ದರೇನೇ ಆರೋಗ್ಯ.

3. ಮೆಸೇಜನ್ನು ಜರಡಿ ಹಿಡಿಯಿರಿ

ಹೊಸ ಕಾಯಿಲೆಯ ಮೊದಲ ದಿನಗಳಲ್ಲಿ ನಿಜ ಹೇಳುವವರ ಮಾತು ಅರ್ಧಂಬರ್ಧ ಇರುತ್ತದೆ. 'ಇರಬಹುದು', 'ಇನ್ನೂ ನೋಡುತ್ತಿದ್ದೇವೆ' ಅಂತಾರೆ. ಸುಳ್ಳಿಗೆ ಆ ಕಷ್ಟ ಇಲ್ಲ. ಎಲ್ಲ ಪ್ರಶ್ನೆಗೂ ಅದರ ಹತ್ತಿರ ಪೂರ್ತಿ ಉತ್ತರ ಇರುತ್ತದೆ. ಎಷ್ಟು ಡಿಗ್ರಿಗೆ ಸಾಯುತ್ತದೆ, ಎಷ್ಟು ಗಂಟೆ ಬದುಕುತ್ತದೆ, ಯಾವ ಕಷಾಯಕ್ಕೆ ಬಗ್ಗುತ್ತದೆ, ಎಲ್ಲಾ ರೆಡಿ. ನಾನು ಮೊದಲು ನೋಡುವ ಗುರುತು ಇದೇ. ಎಲ್ಲಾ ಗೊತ್ತಿದ್ದ ಹಾಗೆ ಮಾತಾಡಿದರೆ ಅನುಮಾನ ಪಡಿ.

ಯುನಿಸೆಫ್ ಹೆಸರಿನಲ್ಲಿ ಬಂದ ಮೆಸೇಜು ನೆನಪಿದೆಯಾ? ವೈರಸ್ಸು ದೊಡ್ಡದು, ಭಾರ ಇದೆ, ನೆಲಕ್ಕೆ ಬೀಳುತ್ತದೆ, 26-27 ಡಿಗ್ರಿ ಬಿಸಿಗೆ ಸಾಯುತ್ತದೆ, ಬಿಸಿಲಿಗೆ ಹೋಗಿ ನಿಲ್ಲಿ ಅಂತೆಲ್ಲ ಇತ್ತು. ನಮ್ಮ ಮೈ ಬಿಸಿಯೇ 37 ಡಿಗ್ರಿ. 27ಕ್ಕೆ ಸಾಯುವಂಥದ್ದು ನಮ್ಮೊಳಗೆ ಬದುಕುವುದು ಹೇಗೆ? ಯುನಿಸೆಫ್ ತಾನೇ 'ಇದು ನಮ್ಮದಲ್ಲ' ಅಂದಿತು. ಅಷ್ಟರಲ್ಲಿ ಮೆಸೇಜು ಊರು ಸುತ್ತಿ ಬಂದಿತ್ತು.

ಮಾರ್ಚ್ 22ರ ಜನತಾ ಕರ್ಫ್ಯೂಗೆ ಮುಂಚೆ ಇನ್ನೊಂದು ಬಂತು. ವೈರಸ್ಸು 12 ಗಂಟೆ ಬದುಕುತ್ತದೆ, ಕರ್ಫ್ಯೂ 14 ಗಂಟೆ, ಅಲ್ಲಿಗೆ ಕೊಂಡಿ ಕಡಿಯಿತು ಅಂತ. ಲೆಕ್ಕ ಎಷ್ಟು ಚಂದ ಇದೆ ನೋಡಿ! ವೈರಸ್ಸು ಇರುವುದು ರಸ್ತೆಯಲ್ಲಲ್ಲ, ಮನುಷ್ಯರೊಳಗೆ, ಅದೂ ದಿನಗಟ್ಟಲೆ ಅನ್ನುವುದನ್ನು ಆ ಲೆಕ್ಕ ಮರೆತಿತ್ತು.

ಹತ್ತು ಸೆಕೆಂಡ್ ಉಸಿರು ಹಿಡಿದು ಕೆಮ್ಮು ಬರದಿದ್ದರೆ ನಿಮಗೆ ಕೊರೊನಾ ಇಲ್ಲ ಅನ್ನುವುದು ಇನ್ನೂ ಕೆಟ್ಟದ್ದು. ನಮ್ಮ ಮನೆಯ ಜಗುಲಿಯಲ್ಲಿ ಆರು ಜನ ಕೂತು ಉಸಿರು ಹಿಡಿದಿದ್ದೇವೆ. ಸೋಂಕು ಇದ್ದವರೂ ಅದರಲ್ಲಿ ಪಾಸಾಗಬಹುದು, ಪಾಸಾಗಿ ಮದುವೆಗೂ ಹೋಗಬಹುದು. ಸಮಾಧಾನ ಹೇಳುವ ಸುಳ್ಳು ಹೆದರಿಸುವ ಸುಳ್ಳಿನಷ್ಟೇ ಹಾಳು. ಇರಾನಿನಲ್ಲಿ ಸಾರಾಯಿ ಕುಡಿದರೆ ವೈರಸ್ಸು ಸಾಯುತ್ತದೆ ಅಂತ ನಂಬಿ ವಿಷದ ಮೆಥನಾಲ್ ಕುಡಿದು ನೂರಾರು ಜನ ಸತ್ತರು.

ಇನ್ನು ಕೆಲವು ಗುರುತುಗಳಿವೆ. 'ದೊಡ್ಡ ಆಸ್ಪತ್ರೆಯ ಡಾಕ್ಟರ್ ಹೇಳಿದ್ದು' ಅಂತ ಇರುತ್ತದೆ, ಡಾಕ್ಟರ ಹೆಸರಾಗಲಿ ಆಸ್ಪತ್ರೆಯ ಹೆಸರಾಗಲಿ ಇರುವುದಿಲ್ಲ. 'ಇವತ್ತು' ಅಂತ ಇರುತ್ತದೆ, ತಾರೀಖು ಇರುವುದಿಲ್ಲ. ಅದಕ್ಕೇ ಆ 'ಇವತ್ತು' ವರ್ಷ ಪೂರ್ತಿ ಇವತ್ತೇ ಆಗಿರುತ್ತದೆ. ವಾಟ್ಸಾಪ್‌ನಲ್ಲಿ ಮೆಸೇಜಿನ ಮೇಲೆ ಎರಡು ಬಾಣದ ಗುರುತು ಕಂಡರೆ ಅದು ತುಂಬ ಕೈ ದಾಟಿ ಬಂದಿದೆ ಅಂತ ಅರ್ಥ. 2020ರ ಏಪ್ರಿಲ್‌ನಿಂದ ಅಂಥದ್ದನ್ನು ಒಂದು ಸಲಕ್ಕೆ ಒಬ್ಬರಿಗೇ ಅಥವಾ ಒಂದೇ ಗ್ರೂಪಿಗೆ ಕಳಿಸಲು ಬಿಡುತ್ತಾರೆ. ಫೋಟೋ, ವಿಡಿಯೋ ಆದರೆ ಸ್ಕ್ರೀನ್‌ಶಾಟ್ ತೆಗೆದು ಗೂಗಲ್ ಲೆನ್ಸಿನಲ್ಲಿ ಹಾಕಿ. ಯಾವುದೋ ದೇಶದ, ಯಾವುದೋ ವರ್ಷದ ಚಿತ್ರ ಅಂತ ಎಷ್ಟೋ ಸಲ ಎರಡು ನಿಮಿಷದಲ್ಲಿ ಗೊತ್ತಾಗುತ್ತದೆ.

4. ಅರ್ಧ ನಿಜ ಇದ್ದರೆ ಬಿಡಿಸಿ ನೋಡಿ

ಪೂರ್ತಿ ಸುಳ್ಳನ್ನು ಹಿಡಿಯುವುದು ಸುಲಭ. ಕೋಳಿ ಕಥೆ ಹಾಗಲ್ಲ. 2020ರ ಫೆಬ್ರವರಿ, ಮಾರ್ಚಿನಲ್ಲಿ ಕೋಳಿ ತಿಂದರೆ ಕೊರೊನಾ ಬರುತ್ತದೆ ಅಂತ ಹಬ್ಬಿತು. ಅದೇ ಹೊತ್ತಿಗೆ ಮೈಸೂರಿನಲ್ಲಿ, ಹರಿಹರ ತಾಲ್ಲೂಕಿನಲ್ಲಿ ಹಕ್ಕಿಜ್ವರ ನಿಜವಾಗಿಯೂ ಪತ್ತೆಯಾಯಿತು. ಅಧಿಕಾರಿಗಳು ಕೋಳಿಗಳನ್ನು ಕೊಲ್ಲಿಸುವ ಫೋಟೋ ಬಂತು. ಜನ ಎರಡನ್ನೂ ಗಂಟು ಹಾಕಿದರು. ನೋಡಿದಿರಲ್ಲ, ಸರ್ಕಾರವೇ ಕೋಳಿ ಸಾಯಿಸುತ್ತಿದೆ ಅಂದರು. ಹಕ್ಕಿಜ್ವರದ ವೈರಸ್ಸೇ ಬೇರೆ, ಕೊರೊನಾ ವೈರಸ್ಸೇ ಬೇರೆ. ಆದರೆ ಕೇಳುವವರು ಯಾರು? ಕೋಳಿಯ ರೇಟು ನೆಲಕ್ಕೆ ಬಿತ್ತು. ಮೇವಿನ ದುಡ್ಡೂ ಹುಟ್ಟದೆ ಬೆಳಗಾವಿ, ಕೋಲಾರ ಜಿಲ್ಲೆಗಳಲ್ಲಿ ಸಾಕಿದವರೇ ಸಾವಿರಾರು ಕೋಳಿಗಳನ್ನು ಜೀವಂತ ಗುಂಡಿಗೆ ಹಾಕಿ ಮುಚ್ಚಿದರು. ಕೊರೊನಾ ಅವರ ಊರಿಗೆ ಬರುವ ಮೊದಲೇ ಮೆಸೇಜು ಬಂದು ಅವರನ್ನು ಮುಗಿಸಿತ್ತು.

ಇಂಥದ್ದು ಬಂದರೆ ವಾಕ್ಯ ಬಿಡಿಸಿ. ಹಕ್ಕಿಜ್ವರ ಬಂದಿದೆಯಾ? ಹೌದು. ಎಲ್ಲಿ? ಇಂಥ ಕಡೆ. ಅದಕ್ಕೂ ಕೊರೊನಾಕ್ಕೂ ಸಂಬಂಧ ಇದೆಯಾ? ಇಲ್ಲ. ಒಂದೊಂದು ತುಂಡಿಗೂ ಬೇರೆ ಉತ್ತರ ಸಿಗುತ್ತದೆ.

5. ಯಾರನ್ನು ಕೇಳಬೇಕು?

ಆರೋಗ್ಯ ಇಲಾಖೆಯ 104 ಸಹಾಯವಾಣಿ ಇದೆ. ಜಿಲ್ಲಾಡಳಿತದ ದಿನದ ಪ್ರಕಟಣೆ ಇರುತ್ತದೆ. ಕೇಂದ್ರ ಸರ್ಕಾರದ ಹೆಸರಿನಲ್ಲಿ ಬಂದ ಆದೇಶ ಆದರೆ ಆ ಸರ್ಕಾರದ್ದೇ ವಾರ್ತಾ ಕಚೇರಿಯ ಪಿಐಬಿ ಫ್ಯಾಕ್ಟ್ ಚೆಕ್ ನೋಡಬಹುದು. ಇವೆಲ್ಲಕ್ಕಿಂತ ನನಗೆ ಉಪಯೋಗಕ್ಕೆ ಬಂದವರು ನಮ್ಮೂರಿನ ಆಶಾ ಕಾರ್ಯಕರ್ತೆ ಅಕ್ಕ. ಯಾವ ಊರಿನಲ್ಲಿ ಎಷ್ಟು ಜ್ವರ ಇದೆ ಅಂತ ಅವರಿಗೆ ಗೊತ್ತಿರುವಷ್ಟು ಟಿವಿಯವರಿಗೆ ಗೊತ್ತಿರುವುದಿಲ್ಲ.

ಒಂದು ಮಾತು ನೆನಪಿಡಿ. ಇವರೂ ಮಾತು ಬದಲಿಸುತ್ತಾರೆ. ಆರೋಗ್ಯವಂತರಿಗೆ ಮಾಸ್ಕ್ ಬೇಕಿಲ್ಲ ಅಂತ ವಿಶ್ವ ಆರೋಗ್ಯ ಸಂಸ್ಥೆ ಮೊದಲು ಹೇಳಿತ್ತು. ನಮ್ಮ ಸರ್ಕಾರ ಏಪ್ರಿಲ್ ಮೊದಲ ವಾರ ಮನೆಯಲ್ಲೇ ಹೊಲಿದ ಮಾಸ್ಕ್ ಹಾಕಿ ಅಂದಿತು. ಜೂನ್ 5ಕ್ಕೆ ವಿಶ್ವ ಆರೋಗ್ಯ ಸಂಸ್ಥೆಯೂ ಸಲಹೆ ಬದಲಿಸಿತು. 'ನೋಡಿ, ಇವರಿಗೇ ಏನೂ ಗೊತ್ತಿಲ್ಲ' ಅಂತ ದೊಡ್ಡಪ್ಪ ವಾರಗಟ್ಟಲೆ ನಗಾಡಿದರು. ಅವರ ನಗೆಯಲ್ಲೂ ನ್ಯಾಯ ಇದೆ. ಜನರಿಗೆ ಸರಿಯಾಗಿ ಕಾರಣ ಹೇಳದೆ ಮಾತು ಬದಲಿಸಿದರೆ ಯಾರಿಗಾದರೂ ಹಾಗನ್ನಿಸುತ್ತದೆ.

ಆದರೆ ನಿಫಾ ವಿಚಾರ ನೋಡಿ. ಕೋಯಿಕ್ಕೋಡಿನ ಮಾದರಿ ನಮ್ಮ ಮಣಿಪಾಲದ ವೈರಸ್ ಪ್ರಯೋಗಾಲಯಕ್ಕೆ ಬಂತು. ನಿಫಾ ಅಂತ ಅಲ್ಲಿ ಗೊತ್ತಾಯಿತು. ಪುಣೆಯಲ್ಲಿ ಖಚಿತವಾಯಿತು. ಕಾಯಿಲೆ ಬಂದ ಮನೆಯ ಬಾವಿಯಲ್ಲಿ ಸಿಕ್ಕ ಬಾವಲಿಗಳನ್ನು ಪರೀಕ್ಷಿಸಿದರೆ ನೆಗೆಟಿವ್. ಬಾವಲಿಯಿಂದ ಅಲ್ಲವಂತೆ ಅಂತ ಮೆಸೇಜು ಓಡಾಡಿತು. ಬಾವಿಯಲ್ಲಿದ್ದವು ಹುಳು ತಿನ್ನುವ ಜಾತಿ. ಆಮೇಲೆ ಹಣ್ಣು ತಿನ್ನುವ ಬಾವಲಿಗಳಲ್ಲಿ ವೈರಸ್ಸು ಸಿಕ್ಕಿತು. ಹುಡುಕುವವರ ಮಾತು ಹೀಗೇ ಬದಲಾಗುತ್ತದೆ. ಹಾಗಾಗಿ ಯಾವ ಸಲಹೆ ಓದಿದರೂ ಮೊದಲು ಅದರ ತಾರೀಖು ನೋಡಿ. ಹಳೆಯ ಸಲಹೆಯನ್ನು ಹೊಸದು ಅಂತ ಕಳಿಸುವುದೂ ಒಂದು ಬಗೆಯ ಸುಳ್ಳೇ.

6. ಮನೆಯ ಹಿರಿಯರಿಗೆ ಹೇಳುವ ರೀತಿ

ನಾನು ಮಾಡಿದ ತಪ್ಪು ಹೇಳಿಬಿಡುತ್ತೇನೆ. ಹೆಲಿಕಾಪ್ಟರ್ ಮೆಸೇಜಿಗೆ ಗ್ರೂಪಿನಲ್ಲೇ ನಗುವ ಇಮೋಜಿ ಹಾಕಿದೆ. 'ದೊಡ್ಡಪ್ಪ, ಇದೆಲ್ಲ ನಂಬ್ತೀರಾ?' ಅಂತ ಬರೆದೆ. ಹುಡುಗರೆಲ್ಲ ಸೇರಿಕೊಂಡರು. ದೊಡ್ಡಪ್ಪ ಎರಡು ದಿನ ಮಾತಾಡಲಿಲ್ಲ. ಮೂರನೆಯ ದಿನದಿಂದ ಅಂಥ ಮೆಸೇಜುಗಳನ್ನು ನನಗೆ ಕಾಣದ ಗ್ರೂಪುಗಳಿಗೆ ಕಳಿಸತೊಡಗಿದರು. ನಾನು ಗೆದ್ದೆ, ಸುಳ್ಳು ಇನ್ನೂ ದೂರ ಹೋಯಿತು.

ಆಮೇಲೆ ದಾರಿ ಬದಲಿಸಿದೆ. ಗ್ರೂಪಿನಲ್ಲಿ ಏನೂ ಬರೆಯದೆ ಫೋನ್ ಮಾಡುವುದು. ಮೊದಲು ಅಡಿಕೆ ರೇಟು, ಮಂಡಿನೋವು ವಿಚಾರಿಸುವುದು.

'ದೊಡ್ಡಪ್ಪ, ನೀವು ಕಳಿಸಿದ್ದು ಓದಿದೆ. ಯಾರು ಕಳಿಸಿದ್ದು ನಿಮಗೆ?'

'ಸೊಸೈಟಿ ಗ್ರೂಪಲ್ಲಿ ಬಂತು ಮಾರಾಯ. ಸುಮಾರು ಜನ ಹಾಕಿದಾರೆ.'

'ನಾನು 104ಕ್ಕೆ ಫೋನ್ ಮಾಡಿ ಕೇಳಿದೆ. ಹಂಗೇನೂ ಇಲ್ಲವಂತೆ. ನಿಮ್ಮ ಮಾತು ಸೊಸೈಟಿಯಲ್ಲಿ ಎಲ್ಲರೂ ಕೇಳ್ತಾರೆ. ನೀವೇ ಅಲ್ಲಿ ಒಂದು ಮಾತು ಹಾಕಿದರೆ ಒಳ್ಳೇದಿತ್ತು.'

ತಪ್ಪು ಮಾಡಿದವರು ಅಂತ ಅಲ್ಲ, ತಿದ್ದಬಲ್ಲವರು ಅಂತ ಮಾತಾಡಿಸುವುದು. ಹತ್ತಕ್ಕೆ ಆರು ಸಲ ಕೆಲಸ ಆಗುತ್ತದೆ. ಉಳಿದ ನಾಲ್ಕು ಸಲ ಬಿಟ್ಟುಬಿಡಿ, ಕಷಾಯ ಕುಡಿದುಕೊಳ್ಳಲಿ. ಶುಂಠಿ, ಮೆಣಸಿನ ಕಷಾಯ ಮಿತವಾಗಿ ಕುಡಿದರೆ ಸಾಮಾನ್ಯವಾಗಿ ತೊಂದರೆ ಇಲ್ಲ. 'ಕಷಾಯ ಕುಡಿದಿದ್ದೇನೆ, ಇನ್ನು ಆಸ್ಪತ್ರೆ ಬೇಡ' ಅಂದಾಗ ಮಾತ್ರ ಜಗಳಕ್ಕೆ ನಿಲ್ಲಿ.

7. ಯಾರ ಹೆಸರನ್ನೂ ಹಾಕಬೇಡಿ

2020ರ ಮಾರ್ಚಿನಲ್ಲಿ ನಮ್ಮ ರಾಜ್ಯದಲ್ಲಿ ಹೊರದೇಶದಿಂದ ಬಂದವರ ಕೈಮೇಲೆ ಸೀಲು ಹಾಕುತ್ತಿದ್ದರು. ಹೋಮ್ ಕ್ವಾರಂಟೈನ್‌ನಲ್ಲಿದ್ದವರ ವಿಳಾಸದ ಪಟ್ಟಿಯನ್ನು ಸರ್ಕಾರವೇ ಹೊರಗೆ ಬಿಟ್ಟಿತು. ಆ ಪಟ್ಟಿ ಮೊಬೈಲಿನಿಂದ ಮೊಬೈಲಿಗೆ ಹೋಯಿತು. ಕಾಯಿಲೆ ಇಲ್ಲದವರನ್ನೂ ಬೀದಿಯವರು ಕಳ್ಳರ ಹಾಗೆ ನೋಡಿದರು. ಇದರ ಲಾಭ ಯಾರಿಗೆ ಆಯಿತು? ಕಾಯಿಲೆಗೆ. ಹೆಸರು ಹೊರಗೆ ಬರುತ್ತದೆ ಅಂದರೆ ಜ್ವರ ಬಂದವರು ಹೇಳುವುದಿಲ್ಲ. ಪ್ಲೇಗಿನ ಕಾಲದಲ್ಲೂ ಕ್ಯಾಂಪಿಗೆ ಎಳೆದುಕೊಂಡು ಹೋಗುತ್ತಾರೆ ಅಂತ ಹೆದರಿ ರೋಗಿಗಳನ್ನು ಬಚ್ಚಿಡುತ್ತಿದ್ದರು. ಬೀದಿಯ ಗ್ರೂಪಿನಲ್ಲಿ ಯಾರದ್ದಾದರೂ ಹೆಸರು, ಜಾತಿ, ಧರ್ಮ, ಮನೆ ನಂಬರು ಬಂದರೆ ಅಡ್ಮಿನ್ ಆದವರು ತಕ್ಷಣ ಅಳಿಸಬೇಕು. ಅಲ್ಲಿ ಹತ್ತು ನಿಮಿಷ ಕಾಯುವುದು ಬೇಡ.

8. ಮನೆಗೆ ಏನು ತಂದಿಡಬೇಕು?

ಥರ್ಮಾಮೀಟರ್, ಒಂದೆರಡು ಸ್ಟ್ರಿಪ್ ಪ್ಯಾರಸಿಟಮಾಲ್, ಓಆರ್‌ಎಸ್ ಪೊಟ್ಟಣ. ಬಿಪಿ, ಶುಗರ್ ಮಾತ್ರೆ ತಗೊಳ್ಳುವವರಿದ್ದರೆ ಒಂದು ತಿಂಗಳಿಗೆ ಆಗುವಷ್ಟು. ಹೆಚ್ಚೆಂದರೆ ಎರಡು ವಾರದ ರೇಷನ್ನು. ಸಾಕು.

ಸುದ್ದಿಯಲ್ಲಿ ಬಂದ ಮಾತ್ರೆಯನ್ನು ಮಾತ್ರ ಕೊಳ್ಳಲು ಓಡಬೇಡಿ. 1994ರಲ್ಲಿ ಸೂರತ್‌ನಲ್ಲಿ ಪ್ಲೇಗು ಅಂದ ಕೂಡಲೇ ಲಕ್ಷಗಟ್ಟಲೆ ಜನ ಊರು ಬಿಟ್ಟರು, ಟೆಟ್ರಾಸೈಕ್ಲಿನ್ ಅಂಗಡಿಗಳಲ್ಲಿ ಖಾಲಿಯಾಯಿತು. 2020ರ ಮಾರ್ಚಿನಲ್ಲಿ ಆರೋಗ್ಯ ಸಿಬ್ಬಂದಿಗೆ ಹೈಡ್ರಾಕ್ಸಿಕ್ಲೋರೋಕ್ವಿನ್ ಮಾತ್ರೆ ಕೊಡಬಹುದು ಅಂತ ದೇಶದ ವೈದ್ಯಕೀಯ ಸಂಶೋಧನಾ ಮಂಡಳಿ ಐಸಿಎಂಆರ್ ಹೇಳಿತು. ಏನೂ ಇಲ್ಲದವರೂ ಹೋಗಿ ಕೊಂಡರು. ಸಂಧಿವಾತಕ್ಕೆ, ಲೂಪಸ್‌ಗೆ ಅದೇ ಮಾತ್ರೆಯನ್ನು ದಿನಾ ನುಂಗುವವರು ಅಂಗಡಿ ಅಂಗಡಿ ಅಲೆಯಬೇಕಾಯಿತು. ಅದೇ ವಾರ ಸರ್ಕಾರ ಮಾರಾಟದ ನಿಯಮ ಬಿಗಿ ಮಾಡಿತು. ಕೊರೊನಾಕ್ಕೆ ಆ ಮಾತ್ರೆಯಿಂದ ಉಪಯೋಗ ಇಲ್ಲ ಅಂತ ಆಮೇಲೆ ದೊಡ್ಡ ಪರೀಕ್ಷೆಗಳಲ್ಲಿ ಗೊತ್ತಾಯಿತು.

9. ಟಿವಿಗೆ ಹೊತ್ತು ಗೊತ್ತು ಮಾಡಿ

ಬೆಳಿಗ್ಗೆ ಅರ್ಧ ಗಂಟೆ, ಸಂಜೆ ಅರ್ಧ ಗಂಟೆ. ಊಟದ ಹೊತ್ತಿಗೆ ಬೇಡ. ನಿದ್ದೆ ಬಾರದಷ್ಟು ಹೆದರಿಕೆ ಆದರೆ 14416ಕ್ಕೆ ಫೋನ್ ಮಾಡಿ, ಟೆಲಿ ಮಾನಸ್ ಅಂತ, ಮನಸ್ಸಿನ ಆರೋಗ್ಯದ ಸರ್ಕಾರಿ ಸಹಾಯವಾಣಿ. ಕನ್ನಡದಲ್ಲೇ ಮಾತಾಡಬಹುದು, ದುಡ್ಡು ಕೊಡಬೇಕಿಲ್ಲ.

10. ನೀವೇ ಸುಳ್ಳು ಕಳಿಸಿಬಿಟ್ಟಿದ್ದರೆ

ಕಳಿಸಿರುತ್ತೀರಿ. ನಾನೂ ಕಳಿಸಿದ್ದೇನೆ. ಮೇಲೆ ಹೇಳಿದೆನಲ್ಲ, ಯುನಿಸೆಫ್ ಮೆಸೇಜು, ಅದನ್ನು ನಾನೇ ಮೂರು ಗ್ರೂಪಿಗೆ ಹಾಕಿದ್ದೆ. 37 ಡಿಗ್ರಿಯ ಲೆಕ್ಕ ಹೊಳೆದದ್ದು ಮಾರನೆಯ ದಿನ, ಹಲ್ಲುಜ್ಜುವಾಗ.

ಈಗ ವಾಟ್ಸಾಪ್‌ನಲ್ಲಿ ಸುಮಾರು ಎರಡು ದಿನದವರೆಗೆ ಎಲ್ಲರ ಮೊಬೈಲಿನಿಂದಲೂ ಅಳಿಸಬಹುದು. ಅಳಿಸಿ. ಆದರೆ ಅಳಿಸಿ ಸುಮ್ಮನಾಗಬೇಡಿ. ಓದಿದವರ ತಲೆಯಿಂದ ಅದು ಅಳಿಸಿಹೋಗುವುದಿಲ್ಲ. ಎಲ್ಲೆಲ್ಲಿ ಹಾಕಿದ್ದೀರೋ ಅಲ್ಲೆಲ್ಲ ಮೂರು ಸಾಲು ಬರೆಯಿರಿ. ಸುಳ್ಳನ್ನು ಪೂರ್ತಿ ಮತ್ತೆ ಬರೆಯುವುದು ಬೇಡ, ಅದನ್ನಷ್ಟೇ ಓದಿ ಮತ್ತೆ ಕಳಿಸುವವರು ಇರುತ್ತಾರೆ. ನಾನು ಬರೆದದ್ದು ಹೀಗಿತ್ತು:

'ನಿನ್ನೆ ನಾನು ಹಾಕಿದ ಯುನಿಸೆಫ್ ಮೆಸೇಜು ಸುಳ್ಳು. ಯುನಿಸೆಫ್‌ನವರೇ ಅಲ್ಲ ಅಂದಿದ್ದಾರೆ. ನೋಡದೆ ಹಾಕಿದ್ದು ನನ್ನ ತಪ್ಪು. ಬೇರೆ ಕಡೆ ಕಳಿಸಿದ್ದರೆ ದಯವಿಟ್ಟು ಅಲ್ಲೂ ಹೇಳಿ.'

ಎರಡು ಗ್ರೂಪಿನಲ್ಲಿ ಯಾರೂ ಉತ್ತರ ಕೊಡಲಿಲ್ಲ. ಮನೆ ಗ್ರೂಪಿನಲ್ಲಿ ಅತ್ತೆ ಬರೆದರು: 'ಅಯ್ಯೋ, ನಾನು ಆಗಲೇ ನಮ್ಮ ಸ್ತ್ರೀಶಕ್ತಿ ಸಂಘದ ಗ್ರೂಪಿಗೆ ಹಾಕಿಬಿಟ್ಟೆನಲ್ಲೋ.' ಟೈಪು ಮಾಡುವುದು ಅವರಿಗೆ ಕಷ್ಟ. ಅದಕ್ಕೆ ಸಂಘದವರಿಗೆ ಒಂದು ವಾಯ್ಸ್ ಮೆಸೇಜು ಕಳಿಸಿದರು, ನಮ್ಮ ಗ್ರೂಪಿಗೂ ಹಾಕಿದರು. ಹಿಂದುಗಡೆ ಕುಕ್ಕರ್ ಕೂಗುತ್ತಿತ್ತು. 'ನಿನ್ನೆ ನಾನು ಹಾಕಿದ್ದು ಸುಳ್ಳಂತೆ ಕಣ್ರೇ, ನಮ್ಮ ಹುಡುಗ ಹೇಳಿದ. ಬಿಸಿಲಿಗೆ ಹೋಗಿ ನಿಲ್ಲಬೇಡಿ.'